ಗಣಕ ಆಟದ ಸೆಟ್ಟಿಂಗ್ಸ್ ಕಡತದ ಮರುಹೊಂದಿಕೆ

ಗಣಕ ಆಟದ ಸೆಟ್ಟಿಂಗ್ಸ್ ಕಡತದ ಮರುಹೊಂದಿಕೆ ಎಂದರೆ, ಗಣಕಯಂತ್ರದಲ್ಲಿ ಆಡುವ ಆಟವೊಂದು ತನ್ನ ಚಿತ್ರದ ಗುಣಮಟ್ಟ, ಪರದೆಯ ಅಳತೆ, ಧ್ವನಿಯ ಮಟ್ಟ, ಕೀಲಿಗಳ ಹಂಚಿಕೆ ಮೊದಲಾದ ಆಯ್ಕೆಗಳನ್ನು ಬರೆದಿಟ್ಟುಕೊಳ್ಳುವ ಚಿಕ್ಕ ಕಡತವನ್ನು ಬದಿಗೆ ಸರಿಸಿ, ಅದೇ ಆಟವು ಹೊಸ ಕಡತವನ್ನು ತಾನೇ ಬರೆದುಕೊಳ್ಳುವಂತೆ ಮಾಡುವ ಕ್ರಮ. ಆಟವು ತಡವರಿಸುತ್ತ ಸಾಗುವುದು, ತೆರೆದೊಡನೆ ಮುಚ್ಚಿಹೋಗುವುದು, ಪರದೆ ಕಪ್ಪಾಗಿಯೇ ಉಳಿಯುವುದು, ಮೌಸ್ ಕೆಲಸ ಮಾಡದಿರುವುದು ಮುಂತಾದ ತೊಂದರೆಗಳಿಗೆ ಮೊದಲು ಪ್ರಯತ್ನಿಸಬೇಕಾದ ಪರಿಹಾರಗಳಲ್ಲಿ ಇದೂ ಒಂದು. ಇದಕ್ಕೆ ಹಣ ಬೇಕಿಲ್ಲ, ಅಂತರಜಾಲದ ಸಂಪರ್ಕವೂ ಸಾಮಾನ್ಯವಾಗಿ ಬೇಕಿಲ್ಲ. ಬೇಕಾದುದು ಯಾವ ಕಡತವನ್ನು ಮುಟ್ಟಬೇಕು, ಯಾವುದನ್ನು ಮುಟ್ಟಬಾರದು ಎಂಬ ತಿಳಿವಳಿಕೆ ಮಾತ್ರ.

ಕನ್ನಡದ ಗಣಕ ಪರಿಭಾಷೆಯಲ್ಲಿ ‘ಮರುಹೊಂದಿಸು’, ‘ಅಳಿಸು’, ‘ಮರುಸ್ಥಾಪಿಸು’ ಎಂಬ ಮೂರು ಪದಗಳು ಹತ್ತಿರ ಹತ್ತಿರ ಬಳಕೆಯಾಗುತ್ತವೆ. ಅವುಗಳ ಅರ್ಥ ಬೇರೆ ಬೇರೆ. ಮರುಹೊಂದಿಸುವುದೆಂದರೆ ಆಯ್ಕೆಗಳನ್ನು ತಯಾರಕರು ಇಟ್ಟ ಮೂಲಸ್ಥಿತಿಗೆ ತರುವುದು. ಅಳಿಸುವುದೆಂದರೆ ಕಡತವನ್ನೇ ಇಲ್ಲವಾಗಿಸುವುದು. ಮರುಸ್ಥಾಪಿಸುವುದೆಂದರೆ ಇಡೀ ಆಟವನ್ನು ತೆಗೆದು ಮತ್ತೆ ಹಾಕುವುದು. ಈ ಮೂರನ್ನು ಒಂದೇ ಎಂದು ಭಾವಿಸಿದವರು ತಿಂಗಳುಗಟ್ಟಲೆ ಆಡಿ ಉಳಿಸಿದ ಆಟವನ್ನು ಕ್ಷಣದಲ್ಲಿ ಕಳೆದುಕೊಳ್ಳುವ ಸಂಭವವಿದೆ.

ಕಡತದ ಸ್ವರೂಪ

ಆಟವೊಂದು ಮೂರು ಬಗೆಯ ಕಡತಗಳನ್ನು ಅವಲಂಬಿಸಿರುತ್ತದೆ. ಮೊದಲನೆಯದು ಆಟದ ತಂತ್ರಾಂಶ ಮತ್ತು ಅದರ ಚಿತ್ರ, ಧ್ವನಿ ಸಾಮಗ್ರಿ. ಗಾತ್ರದಲ್ಲಿ ಇದೇ ಅತಿ ದೊಡ್ಡದು. ಎರಡನೆಯದು ಆಟಗಾರನ ಪ್ರಗತಿಯನ್ನು ದಾಖಲಿಸುವ ಸೇವ್ ಕಡತಗಳು. ಮೂರನೆಯದು ಸೆಟ್ಟಿಂಗ್ಸ್ ಕಡತ. ಇದರ ಗಾತ್ರ ಸಾಮಾನ್ಯವಾಗಿ ಕೆಲವೇ ಕಿಲೋಬೈಟ್. ಒಂದು ಸಾಧಾರಣ ಪತ್ರದಷ್ಟು. ಆದರೂ ಆಟವು ತೆರೆಯುವಾಗ ಮೊದಲು ಓದುವ ಕಡತಗಳಲ್ಲಿ ಇದು ಸೇರಿದೆ, ಮತ್ತು ಇದರಲ್ಲಿ ಬರೆದಿರುವುದನ್ನು ಆಟವು ಬಹುಮಟ್ಟಿಗೆ ಪ್ರಶ್ನಿಸದೆ ಪಾಲಿಸುತ್ತದೆ.

ಈ ಪದ್ಧತಿ ಹಳೆಯದು. 1993ರಲ್ಲಿ ಬಂದ ‘ಡೂಮ್’ ಆಟವು ತನ್ನ ಆಯ್ಕೆಗಳನ್ನು ‘ಡೀಫಾಲ್ಟ್ ಡಾಟ್ ಸಿಎಫ್‌ಜಿ’ ಎಂಬ ಪಠ್ಯ ಕಡತದಲ್ಲಿಯೂ, 1996ರ ‘ಕ್ವೇಕ್’ ತನ್ನವನ್ನು ‘ಕಾನ್ಫಿಗ್ ಡಾಟ್ ಸಿಎಫ್‌ಜಿ’ಯಲ್ಲಿಯೂ ಬರೆದಿಡುತ್ತಿದ್ದವು. ಇಂದಿನ ಆಟಗಳಲ್ಲಿ ಹೆಸರುಗಳು ಬದಲಾಗಿವೆಯಾದರೂ ತತ್ತ್ವ ಅದೇ. ಅನ್‌ರಿಯಲ್ ಎಂಜಿನ್ನಿನಿಂದ ರಚಿತವಾದ ಬಹಳಷ್ಟು ಆಟಗಳಲ್ಲಿ ಈ ಕಡತದ ಹೆಸರು ‘ಗೇಮ್‌ಯೂಸರ್‌ಸೆಟ್ಟಿಂಗ್ಸ್ ಡಾಟ್ ಐಎನ್‌ಐ’. ನೆರಳಿನ ಗುಣಮಟ್ಟ, ಚಿತ್ರದ ಸೂಕ್ಷ್ಮತೆ ಮೊದಲಾದವುಗಳಿಗೆ ಅದರಲ್ಲಿ ಒಂದೊಂದು ಸಾಲು ಮತ್ತು ಒಂದೊಂದು ಅಂಕಿ ಇರುತ್ತದೆ. ಯೂನಿಟಿ ಎಂಜಿನ್ನಿನ ಅನೇಕ ಆಟಗಳು ಮಾತ್ರ ಆಯ್ಕೆಗಳನ್ನು ಕಡತದಲ್ಲಿ ಇಡದೆ ವಿಂಡೋಸ್‌ನ ರಿಜಿಸ್ಟ್ರಿಯಲ್ಲಿ ಇಡುತ್ತವೆ. ಅಂಥ ಆಟದ ಸೆಟ್ಟಿಂಗ್ಸ್ ಕಡತವನ್ನು ಎಷ್ಟು ಹುಡುಕಿದರೂ ಸಿಗುವುದಿಲ್ಲ. ರಿಜಿಸ್ಟ್ರಿಯನ್ನು ಅರಿವಿಲ್ಲದೆ ತಿದ್ದುವುದು ಅಪಾಯಕರವಾದ್ದರಿಂದ ಆಟದೊಳಗಿನ ‘ರೀಸೆಟ್’ ಆಯ್ಕೆಯನ್ನೇ ಬಳಸುವುದು ಕ್ಷೇಮ.

ಕೆಲವು ಸೆಟ್ಟಿಂಗ್ಸ್ ಕಡತಗಳನ್ನು ನೋಟ್‌ಪ್ಯಾಡ್‌ನಲ್ಲಿ ತೆರೆದು ಓದಬಹುದು. ಇನ್ನು ಕೆಲವು ಯಂತ್ರ ಮಾತ್ರ ಓದಬಲ್ಲ ದ್ವಿಮಾನ ರೂಪದಲ್ಲಿರುತ್ತವೆ. ಎರಡನೆಯ ಬಗೆಯವನ್ನು ತಿದ್ದಲು ಹೋಗಬಾರದು; ಇಡಿಯಾಗಿ ಬದಿಗೆ ಸರಿಸಬೇಕು.

ಆಟ ನಿಧಾನವಾಗಲು ಈ ಕಡತ ಹೇಗೆ ಕಾರಣ

ಚಲನಚಿತ್ರದಂತೆಯೇ ಆಟದ ಚಲನೆಯೂ ಒಂದರ ಹಿಂದೊಂದು ಬರುವ ನಿಶ್ಚಲ ಚಿತ್ರಗಳಿಂದ ಆಗುತ್ತದೆ. ಚಲನಚಿತ್ರದಲ್ಲಿ ಚಿತ್ರಗಳು ಮೊದಲೇ ಸಿದ್ಧವಾಗಿರುತ್ತವೆ. ಆಟದಲ್ಲಿ ಪ್ರತಿಯೊಂದನ್ನೂ ಗ್ರಾಫಿಕ್ಸ್ ಕಾರ್ಡ್ ಆ ಕ್ಷಣದಲ್ಲಿ ಬರೆಯಬೇಕು. ಸೆಕೆಂಡಿಗೆ 60 ಚಿತ್ರಗಳು ಬರಬೇಕಾದರೆ ಒಂದೊಂದಕ್ಕೆ ಸಿಗುವ ಕಾಲ ಸುಮಾರು 16.7 ಮಿಲಿಸೆಕೆಂಡ್. ಈ ಗಡುವು ತಪ್ಪಿದಾಗ ಕಣ್ಣಿಗೆ ಕಾಣುವುದೇ ಆಟಗಾರರು ‘ಲ್ಯಾಗ್’ ಎಂದು ಕರೆಯುವ ತಡವರಿಕೆ. ಅಂತರಜಾಲದ ವಿಳಂಬಕ್ಕೂ ಇದೇ ಪದವನ್ನು ಬಳಸುವುದರಿಂದ ಗೊಂದಲವಾಗುವುದುಂಟು. ಒಬ್ಬರೇ ಆಡುವ, ಸಂಪರ್ಕವೇ ಬೇಡದ ಆಟದಲ್ಲಿಯೂ ತಡವರಿಕೆ ಇದ್ದರೆ ದೋಷ ಜಾಲದ್ದಲ್ಲ.

ಸೆಟ್ಟಿಂಗ್ಸ್ ಕಡತವು ಈ ಗಡುವಿನೊಳಗೆ ಮಾಡಬೇಕಾದ ಕೆಲಸದ ಪ್ರಮಾಣವನ್ನು ನಿರ್ಧರಿಸುತ್ತದೆ. ಕಡಿಮೆ ಬೆಲೆಯ ಹಲವು ಲ್ಯಾಪ್‌ಟಾಪ್‌ಗಳ ಪರದೆಯ ಅಳತೆ 1366×768, ಅಂದರೆ 10,49,088 ಚುಕ್ಕಿಗಳು. ಒಮ್ಮೆ ಆ ಲ್ಯಾಪ್‌ಟಾಪನ್ನು ಮನೆಯ ದೊಡ್ಡ ಟಿವಿಗೆ ಜೋಡಿಸಿ 1920×1080 ಅಳತೆಯಲ್ಲಿ ಆಡಿದರೆ ಚುಕ್ಕಿಗಳ ಸಂಖ್ಯೆ 20,73,600ಕ್ಕೆ ಏರುತ್ತದೆ. ಕೆಲಸ ಹೆಚ್ಚುಕಡಿಮೆ ಇಮ್ಮಡಿ. ಟಿವಿಯ ತಂತಿಯನ್ನು ಕಿತ್ತ ಮೇಲೂ ಕಡತದಲ್ಲಿ ಹಳೆಯ ಅಂಕಿಯೇ ಉಳಿದಿದ್ದರೆ, ಆಟವು ಪರದೆ ತೋರಿಸಲಾರದಷ್ಟು ಚಿತ್ರವನ್ನು ಬರೆಯುತ್ತಲೇ ಇರಬಹುದು, ಅಥವಾ ತೆರೆಯದೆಯೇ ಹೋಗಬಹುದು. ಅಣ್ಣನೊಬ್ಬ ಎಲ್ಲ ಆಯ್ಕೆಗಳನ್ನೂ ಮೇಲ್ಮಟ್ಟಕ್ಕೆ ಏರಿಸಿಟ್ಟು ಹೋದ ಗಣಕದಲ್ಲಿ ತಮ್ಮನು ಆಡಲು ಕುಳಿತಾಗಲೂ ಆಗುವುದು ಇದೇ.

ಎರಡನೆಯ ಕಾರಣ ಆಟದ ಪರಿಷ್ಕರಣೆ. ಹೊಸ ಆವೃತ್ತಿಯಲ್ಲಿ ಆಯ್ಕೆಯೊಂದರ ಹೆಸರೋ ಅಂಕಿಯ ಅರ್ಥವೋ ಬದಲಾಗಿದ್ದು, ಕಡತ ಮಾತ್ರ ಹಳೆಯದಾಗಿಯೇ ಉಳಿದಿದ್ದರೆ ಅನಿರೀಕ್ಷಿತ ಫಲ ದೊರೆಯುತ್ತದೆ. ಯಂತ್ರಾಂಶ ಬದಲಾದಾಗಲೂ ಹೀಗೆಯೇ. ಹಳೆಯ ಗಣಕದಿಂದ ಹೊಸದಕ್ಕೆ ಇಡೀ ‘ಡಾಕ್ಯುಮೆಂಟ್ಸ್’ ಫೋಲ್ಡರನ್ನು ನಕಲು ಮಾಡಿದವರು, ಹಳೆಯ ಗಣಕದ ಗ್ರಾಫಿಕ್ಸ್ ಕಾರ್ಡಿಗೆ ಹೊಂದುವ ಸೆಟ್ಟಿಂಗ್‌ಗಳನ್ನೂ ತಿಳಿಯದೆ ಹೊತ್ತು ತಂದಿರುತ್ತಾರೆ.

ಮೂರನೆಯದು ವಿದ್ಯುತ್ತಿಗೆ ಸಂಬಂಧಿಸಿದ್ದು. ಕಲ್ಯಾಣ ಕರ್ನಾಟಕದ ಊರುಗಳಲ್ಲಿ ಇದಕ್ಕೆ ವಿಶೇಷ ಗಮನ ಕೊಡಬೇಕು. ಬಸವಕಲ್ಯಾಣ, ಹುಮನಾಬಾದ್ ಸೀಮೆಯಲ್ಲಿ ಏಪ್ರಿಲ್–ಮೇ ತಿಂಗಳ ಗಾಳಿಮಳೆಗೆ ಕರೆಂಟು ಹೋಗುವುದು ಹೊಸ ಸಂಗತಿಯೇನಲ್ಲ. ಯುಪಿಎಸ್ ಇಲ್ಲದ ಮೇಜುಗಣಕದಲ್ಲಿ, ಆಟವು ಸೆಟ್ಟಿಂಗ್ಸ್ ಕಡತವನ್ನು ಬರೆಯುತ್ತಿರುವ ಕ್ಷಣದಲ್ಲಿಯೇ ವಿದ್ಯುತ್ ಕಡಿದರೆ ಕಡತ ಅರ್ಧಕ್ಕೆ ನಿಲ್ಲುತ್ತದೆ. ವಿಂಡೋಸ್ ಬಳಸುವ ಎನ್‌ಟಿಎಫ್‌ಎಸ್ ಕಡತ ವ್ಯವಸ್ಥೆಯು ಕಡತದ ಹೆಸರು, ಗಾತ್ರ ಮೊದಲಾದ ಲೆಕ್ಕವನ್ನು ಜೋಪಾನವಾಗಿ ಕಾಯ್ದುಕೊಳ್ಳುತ್ತದೆ. ಒಳಗಿನ ವಿಷಯಕ್ಕೆ ಅದೇ ಭರವಸೆಯನ್ನು ಕೊಡುವುದಿಲ್ಲ. ಆದಕಾರಣ ಹೆಸರು, ಗಾತ್ರ ಎರಡೂ ಸರಿಯಾಗಿ ಕಂಡರೂ ಒಳಗೆ ಬರಿಯ ಸೊನ್ನೆಗಳೇ ತುಂಬಿರುವ ಕಡತ ಉಂಟಾಗಬಹುದು. ಎಚ್ಚರದಿಂದ ರಚಿಸಿದ ಆಟಗಳು ಮೊದಲು ತಾತ್ಕಾಲಿಕ ಕಡತವೊಂದನ್ನು ಪೂರ್ತಿ ಬರೆದು, ಆಮೇಲೆ ಅದಕ್ಕೆ ಹಳೆಯದರ ಹೆಸರನ್ನು ಕೊಡುತ್ತವೆ. ಎಲ್ಲ ಆಟಗಳೂ ಅಷ್ಟು ಎಚ್ಚರದಿಂದ ರಚಿತವಾಗಿರುವುದಿಲ್ಲ.

ಮರುಸ್ಥಾಪನೆಯಿಂದ ಗುಣವಾಗದಿರಲು ಕಾರಣ

ಆಟ ಕೆಟ್ಟಿತೆಂದರೆ ಅದನ್ನು ಅನ್‌ಇನ್‌ಸ್ಟಾಲ್ ಮಾಡಿ ಮತ್ತೆ ಡೌನ್‌ಲೋಡ್ ಮಾಡಿಕೊಳ್ಳುವುದು ಸಾಮಾನ್ಯ ಅಭ್ಯಾಸ. ಹಾಗೆ ಮಾಡಿದ ಮೇಲೂ ಅದೇ ತೊಂದರೆ ಮರಳಿ ಬಂದಾಗ ಗಣಕವೇ ಹಾಳಾಗಿದೆ ಎಂದು ನಿರಾಶರಾಗುವವರು ಬಹಳ. ನಿಜವಾದ ಕಾರಣ ಸರಳವಾಗಿದೆ. ಆಟದ ತಂತ್ರಾಂಶ ಇರುವುದು ಒಂದು ಕಡೆ, ಸೆಟ್ಟಿಂಗ್ಸ್ ಕಡತ ಇರುವುದು ಇನ್ನೊಂದು ಕಡೆ. ವಿಂಡೋಸ್‌ನಲ್ಲಿ ಸೆಟ್ಟಿಂಗ್ಸ್ ಕಡತವು ಬಹುಮಟ್ಟಿಗೆ ಬಳಕೆದಾರನ ಸ್ವಂತ ಫೋಲ್ಡರಿನೊಳಗೆ, ಅಂದರೆ ‘ಡಾಕ್ಯುಮೆಂಟ್ಸ್’ನಲ್ಲಿಯೋ ‘ಆಪ್‌ಡೇಟಾ’ ಎಂಬ ಮರೆಯಾಗಿರುವ ಫೋಲ್ಡರಿನಲ್ಲಿಯೋ ಇರುತ್ತದೆ. ಆಟವನ್ನು ತೆಗೆದುಹಾಕುವ ತಂತ್ರಾಂಶವು ಸಾಮಾನ್ಯವಾಗಿ ಆ ಫೋಲ್ಡರುಗಳನ್ನು ಮುಟ್ಟುವುದಿಲ್ಲ; ಬಳಕೆದಾರನ ಸೇವ್ ಕಡತಗಳು ಅಳಿಯಬಾರದೆಂಬ ಸದುದ್ದೇಶವೇ ಅದಕ್ಕೆ ಕಾರಣ. ಹೊಸದಾಗಿ ಹಾಕಿದ ಆಟವು ತೆರೆದೊಡನೆ ಅಲ್ಲಿಯೇ ಬಿದ್ದಿರುವ ಹಳೆಯ ಕಡತವನ್ನು ಓದುತ್ತದೆ, ಹಳೆಯ ರೋಗವೂ ಮರಳುತ್ತದೆ.

ಇದರ ವೆಚ್ಚವನ್ನು ಲೆಕ್ಕ ಹಾಕಿ ನೋಡಬಹುದು. ‘ಗ್ರ್ಯಾಂಡ್ ಥೆಫ್ಟ್ ಆಟೊ 5’ ಆಟವು 2015ರ ಏಪ್ರಿಲ್‌ನಲ್ಲಿ ಗಣಕಯಂತ್ರಕ್ಕೆ ಬಂದಾಗಲೇ 65 ಗಿಗಾಬೈಟ್ ಜಾಗವನ್ನು ಕೇಳುತ್ತಿತ್ತು. ದಿನಕ್ಕೆ 2 ಗಿಗಾಬೈಟ್ ಮಿತಿಯ ಮೊಬೈಲ್ ಡೇಟಾವನ್ನೇ ನೆಚ್ಚಿಕೊಂಡ ವಿದ್ಯಾರ್ಥಿಗೆ ಅಷ್ಟನ್ನು ಇಳಿಸಿಕೊಳ್ಳಲು, ಬೇರೇನನ್ನೂ ನೋಡದೆ ಓದದೆ ಇದ್ದರೂ, ಒಂದು ತಿಂಗಳ ಮೇಲೆ ಬೇಕು. ತೊಂದರೆ ಇದ್ದುದು ಕೆಲವು ಕಿಲೋಬೈಟಿನ ಕಡತದಲ್ಲಿ ಎಂದಾದರೆ ಆ ತಿಂಗಳು ವ್ಯರ್ಥ.

ಮರುಹೊಂದಿಸುವ ಕ್ರಮ

ಆಟದೊಳಗಿನ ಆಯ್ಕೆಗಳ ಪುಟ ತೆರೆಯುವಂತಿದ್ದರೆ ಅಲ್ಲಿಯೇ ‘ರೀಸೆಟ್’ ಅಥವಾ ‘ಡೀಫಾಲ್ಟ್’ ಎಂಬ ಗುಂಡಿ ಇದೆಯೇ ಎಂದು ಮೊದಲು ನೋಡಬೇಕು. ಕೆಲವು ಆಟಗಳು ಕುಸಿದು ಬಿದ್ದ ಬಳಿಕ ಮುಂದಿನ ಸಲ ತೆರೆಯುವಾಗ ‘ಸೇಫ್ ಮೋಡ್’ನಲ್ಲಿ ತೆರೆಯಲೇ ಎಂದು ತಾವಾಗಿಯೇ ಕೇಳುತ್ತವೆ. ಇವೆರಡೂ ಇಲ್ಲದಾಗ, ಅಥವಾ ಆಟವೇ ತೆರೆಯದಾದಾಗ ಕಡತಕ್ಕೆ ಕೈಹಾಕಬೇಕು.

ಮೊದಲು ಆಟವನ್ನು ಪೂರ್ತಿಯಾಗಿ ಮುಚ್ಚಬೇಕು. ಅನೇಕ ಆಟಗಳು ಮುಚ್ಚುವ ಹೊತ್ತಿನಲ್ಲಿಯೇ ಸೆಟ್ಟಿಂಗ್ಸ್ ಕಡತವನ್ನು ಬರೆಯುತ್ತವೆ. ಆಟ ತೆರೆದಿರುವಾಗ ಕಡತವನ್ನು ಸರಿಸಿದರೆ ಮುಚ್ಚಿದೊಡನೆ ಅದು ಹಳೆಯ ಅಂಕಿಗಳೊಂದಿಗೆ ಮತ್ತೆ ಹುಟ್ಟುತ್ತದೆ. ಬಳಿಕ ಕಡತವನ್ನು ಹುಡುಕಬೇಕು. ‘ಆಪ್‌ಡೇಟಾ’ ಫೋಲ್ಡರ್ ಕಾಣಿಸದಿದ್ದರೆ ವಿಂಡೋಸ್‌ನ ‘ವ್ಯೂ’ ಪಟ್ಟಿಯಲ್ಲಿ ಮರೆಯಾಗಿರುವ ಕಡತಗಳನ್ನು ತೋರಿಸುವ ಆಯ್ಕೆಯನ್ನು ಚಾಲೂ ಮಾಡಬೇಕು. ಒನ್‌ಡ್ರೈವ್ ಬಳಸುವ ಗಣಕಗಳಲ್ಲಿ ‘ಡಾಕ್ಯುಮೆಂಟ್ಸ್’ ಫೋಲ್ಡರು ಒನ್‌ಡ್ರೈವ್‌ನ ಒಳಗೆ ಸರಿದಿರಬಹುದೆಂಬುದನ್ನೂ ಮರೆಯಬಾರದು.

ಕಡತ ಸಿಕ್ಕ ಮೇಲೆ ಅದನ್ನು ಅಳಿಸದೆ ಹೆಸರನ್ನು ಮಾತ್ರ ಬದಲಿಸುವುದು ಉತ್ತಮ. ಹೆಸರಿನ ಮುಂದೆ ‘ಹಳೆಯದು’ ಎಂಬರ್ಥದ ಒಂದು ಪದವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಸೇರಿಸಿದರೆ ಸಾಕು. ಆಟಕ್ಕೆ ಆ ಕಡತ ಇಲ್ಲವೆಂದೇ ತೋರುತ್ತದೆ; ಬಳಕೆದಾರನಿಗೆ ಅದು ಅಲ್ಲಿಯೇ ಇರುತ್ತದೆ. ಈಗ ಆಟವನ್ನು ತೆರೆದರೆ ಅದು ಹೊಸ ಕಡತವನ್ನು ಬರೆದುಕೊಳ್ಳುತ್ತದೆ. ಹಲವು ಆಟಗಳು ಈ ಸಂದರ್ಭದಲ್ಲಿ ಗಣಕದ ಶಕ್ತಿಯನ್ನು ಅಳೆದು ತಕ್ಕ ಮಟ್ಟವನ್ನು ತಾವೇ ಆರಿಸಿಕೊಳ್ಳುತ್ತವೆ. ತೊಂದರೆ ನಿವಾರಣೆಯಾಗದಿದ್ದರೆ ಹೊಸದನ್ನು ತೆಗೆದು ಹಳೆಯದಕ್ಕೆ ಮೊದಲಿನ ಹೆಸರನ್ನೇ ಕೊಡಬಹುದು, ನಷ್ಟವೇನೂ ಇಲ್ಲ.

ಹೆಸರು ಬದಲಿಸುವಾಗ ಒಂದು ತೊಡಕು ಎದುರಾಗಬಹುದು. ವಿಂಡೋಸ್ ಸಾಮಾನ್ಯವಾಗಿ ಕಡತದ ಹೆಸರಿನ ಕೊನೆಯ ಭಾಗವನ್ನು, ಅಂದರೆ ಡಾಟ್‌ನ ಮುಂದಿನ ಅಕ್ಷರಗಳನ್ನು, ತೋರಿಸುವುದಿಲ್ಲ. ಅದು ತಿಳಿಯದೆ ಹಳೆಯ ಹೆಸರನ್ನು ಮರಳಿ ಕೊಡುವಾಗ ‘ಡಾಟ್ ಟಿಎಕ್ಸ್‌ಟಿ’ ಎಂದು ಬೆರಳಚ್ಚಿಸಿದರೆ ಆ ಭಾಗ ಎರಡು ಸಲ ಸೇರಿ, ಆಟಕ್ಕೆ ಕಡತದ ಗುರುತೇ ಸಿಗದಂತಾಗುತ್ತದೆ.

ಸ್ಟೀಮ್‌ನಂಥ ಮಳಿಗೆಗಳಿಂದ ಪಡೆದ ಕೆಲವು ಆಟಗಳಲ್ಲಿ ಸೆಟ್ಟಿಂಗ್ಸ್ ಕಡತದ ಪ್ರತಿಯೊಂದು ಕ್ಲೌಡ್‌ನಲ್ಲಿಯೂ ಇರುತ್ತದೆ. ಗಣಕದಲ್ಲಿ ಕಡತವನ್ನು ತೆಗೆದ ಕೂಡಲೆ ಆ ಪ್ರತಿ ಇಳಿದು ಬಂದು ಹಳೆಯ ಸ್ಥಿತಿಯನ್ನು ಮರಳಿ ತರಬಹುದು. ಅಂಥ ಆಟಕ್ಕೆ ಕ್ಲೌಡ್ ಹೊಂದಾಣಿಕೆಯನ್ನು ಸ್ವಲ್ಪ ಹೊತ್ತು ನಿಲ್ಲಿಸಿ ಮರುಹೊಂದಿಸಬೇಕು. ಇದಕ್ಕೆ ವಿರುದ್ಧವಾದ ತೊಂದರೆಯೂ ಉಂಟು: ಕಡತಕ್ಕೆ ‘ರೀಡ್ ಓನ್ಲಿ’ ಗುರುತು ಹಾಕಿದ್ದರೆ, ಅಥವಾ ವಿಂಡೋಸ್‌ನ ಸುರಕ್ಷಾ ವ್ಯವಸ್ಥೆಯು ‘ಡಾಕ್ಯುಮೆಂಟ್ಸ್’ನಲ್ಲಿ ಬರೆಯದಂತೆ ಆಟವನ್ನು ತಡೆದಿದ್ದರೆ, ಎಷ್ಟು ಸಲ ಬದಲಿಸಿದರೂ ಆಯ್ಕೆಗಳು ಉಳಿಯುವುದಿಲ್ಲ.

ಮೈನ್‌ಕ್ರಾಫ್ಟ್

ಈ ವಿಷಯವನ್ನು ಕಲಿಯಲು ಸ್ವೀಡನ್ನಿನ ಮೊಜಾಂಗ್ ಸಂಸ್ಥೆಯ ‘ಮೈನ್‌ಕ್ರಾಫ್ಟ್’ ಆಟದ ಜಾವಾ ಆವೃತ್ತಿ ಅತ್ಯಂತ ಅನುಕೂಲವಾದ ಉದಾಹರಣೆ. ಅದರ ಸೆಟ್ಟಿಂಗ್ಸ್ ಕಡತದ ಹೆಸರು ‘ಆಪ್ಷನ್ಸ್ ಡಾಟ್ ಟಿಎಕ್ಸ್‌ಟಿ’. ‘ಆಪ್‌ಡೇಟಾ’ದೊಳಗಿನ ‘ರೋಮಿಂಗ್’ನಲ್ಲಿ ‘ಡಾಟ್ ಮೈನ್‌ಕ್ರಾಫ್ಟ್’ ಎಂಬ ಫೋಲ್ಡರಿದ್ದು, ಕಡತ ಅದರಲ್ಲಿದೆ. ನೋಟ್‌ಪ್ಯಾಡ್‌ನಲ್ಲಿ ತೆರೆದರೆ ಸಾಲಿಗೊಂದರಂತೆ ಆಯ್ಕೆಯ ಹೆಸರು, ನಡುವೆ ವಿವರಣಚಿಹ್ನೆ, ಆಮೇಲೆ ಬೆಲೆ ಕಾಣುತ್ತವೆ.

ಇವುಗಳಲ್ಲಿ ವೇಗದ ಮೇಲೆ ಬಹಳ ಪರಿಣಾಮ ಬೀರುವುದು ‘ರೆಂಡರ್ ಡಿಸ್ಟೆನ್ಸ್’, ಎಂದರೆ ಆಟಗಾರನ ಸುತ್ತ ಎಷ್ಟು ದೂರದವರೆಗಿನ ಲೋಕವನ್ನು ಚಿತ್ರಿಸಬೇಕೆಂಬ ಅಂಕಿ. ಆಟದ ಲೋಕವು 16×16 ಘನಗಳ ತಳವಿರುವ ‘ಚಂಕ್’ ಎಂಬ ತುಂಡುಗಳಾಗಿ ವಿಭಾಗವಾಗಿದೆ. ಅಂಕಿ 8 ಇದ್ದರೆ ಆಟಗಾರನು ನಿಂತ ಚಂಕ್‌ನ ನಾಲ್ಕೂ ದಿಕ್ಕಿಗೆ ಎಂಟೆಂಟು. ಅಂದರೆ ಒಂದು ಬದಿಗೆ 17, ಒಟ್ಟು ಚೌಕದಲ್ಲಿ 289. ಅಂಕಿ 12 ಆದರೆ 625. ಅದನ್ನೇ 32ಕ್ಕೆ ಏರಿಸಿದರೆ 65ರ ವರ್ಗ, 4,225 ಚಂಕ್‌ಗಳು. ಜಾರುಗುಂಡಿಯನ್ನು ಎಂಟರಿಂದ ಮೂವತ್ತೆರಡಕ್ಕೆ ಎಳೆದವನು ನಾಲ್ಕು ಪಟ್ಟು ಕೆಲಸ ಕೊಟ್ಟೆನೆಂದು ತಿಳಿದಿರುತ್ತಾನೆ. ನಿಜವಾಗಿ ಕೊಟ್ಟಿರುವುದು ಹದಿನಾಲ್ಕು ಪಟ್ಟಿಗೂ ಹೆಚ್ಚು. ಪ್ರೌಢಶಾಲೆಯ ವರ್ಗಸಂಖ್ಯೆಯ ಪಾಠಕ್ಕೆ ಇದಕ್ಕಿಂತ ಮನದಟ್ಟಾಗುವ ಉದಾಹರಣೆ ಸಿಗುವುದು ಕಷ್ಟ.

ಈ ಕಡತದಲ್ಲಿ ಇಲ್ಲದ ಸಾಲಿಗೆ ಆಟವು ಮೂಲಸ್ಥಿತಿಯ ಬೆಲೆಯನ್ನು ತಾನೇ ತುಂಬಿಕೊಳ್ಳುತ್ತದೆ. ಆದ್ದರಿಂದ ಇಡೀ ಕಡತವನ್ನು ತೆಗೆಯದೆ, ಸಂದೇಹವಿರುವ ಒಂದು ಸಾಲನ್ನು ಮಾತ್ರ ಅಳಿಸಿ ಪರೀಕ್ಷಿಸಲು ಸಾಧ್ಯ. ಕನ್ನಡದಲ್ಲಿ ಆಡುವವರಿಗೆ ಇದರಿಂದ ಒಂದು ಲಾಭವಿದೆ. ಮೈನ್‌ಕ್ರಾಫ್ಟ್‌ನ ಭಾಷೆಗಳ ಪಟ್ಟಿಯಲ್ಲಿ ಕನ್ನಡವೂ ಇದೆ. ಸ್ವಯಂಸೇವಕರು ಮಾಡಿದ ಅನುವಾದ ಅದು. ಕಡತದ ‘ಲ್ಯಾಂಗ್’ ಎಂಬ ಸಾಲಿನಲ್ಲಿ ‘ಕೆಎನ್_ಐಎನ್’ ಎಂಬ ಸಂಕೇತವಿದ್ದರೆ ಆಟ ಕನ್ನಡದಲ್ಲಿ ತೆರೆಯುತ್ತದೆ. ಕಡತವನ್ನೇ ತೆಗೆದರೆ ಆ ಸಾಲೂ ಹೋಗಿ ಆಟ ಇಂಗ್ಲಿಷಿಗೆ ಮರಳುತ್ತದೆ. ಏನೋ ಕೆಟ್ಟುಹೋಯಿತೆಂದು ಗಾಬರಿಯಾಗಬೇಕಿಲ್ಲ. ಭಾಷೆಯನ್ನು ಮತ್ತೆ ಆರಿಸಿದರೆ ಆಯಿತು. ಕೀಲಿಗಳ ಹಂಚಿಕೆ, ಧ್ವನಿಯ ಮಟ್ಟ, ಆರಿಸಿಕೊಂಡ ಚಿತ್ರಸಾಮಗ್ರಿ ಇವನ್ನೂ ಹಾಗೆಯೇ ಮರಳಿ ಹೊಂದಿಸಿಕೊಳ್ಳಬೇಕು.

ಆಟಗಾರರು ಕಟ್ಟಿದ ಮನೆ, ಕೋಟೆ, ಊರುಗಳೆಲ್ಲ ಇರುವುದು ಅದೇ ‘ಡಾಟ್ ಮೈನ್‌ಕ್ರಾಫ್ಟ್’ನೊಳಗಿನ ‘ಸೇವ್ಸ್’ ಎಂಬ ಫೋಲ್ಡರಿನಲ್ಲಿ. ಆಪ್ಷನ್ಸ್ ಕಡತವನ್ನು ತೆಗೆದರೆ ಅದಕ್ಕೆ ಕುಂದಿಲ್ಲ. ಆದರೆ ‘ಡಾಟ್ ಮೈನ್‌ಕ್ರಾಫ್ಟ್’ ಫೋಲ್ಡರನ್ನೇ ಅಳಿಸಿ ಮತ್ತೆ ಹಾಕಿಕೊಳ್ಳುವಂತೆ ಯಾರಾದರೂ ಸಲಹೆ ಕೊಟ್ಟರೆ, ‘ಸೇವ್ಸ್’ ಅನ್ನು ಬೇರೆಡೆ ನಕಲು ಮಾಡದೆ ಆ ಸಲಹೆಯನ್ನು ಪಾಲಿಸಬಾರದು. ಮಕ್ಕಳು ವರ್ಷವಿಡೀ ಕಟ್ಟಿದ್ದು ದೊಡ್ಡವರ ಒಂದು ಒತ್ತಿನಿಂದ ಅಳಿದುಹೋಗುವುದು ಹೀಗೆಯೇ. ಇನ್ನು, ಆಟಕ್ಕೆ ಎಷ್ಟು ಮೆಮೊರಿ ಕೊಡಬೇಕೆಂಬ ಅಂಕಿ ಈ ಕಡತದಲ್ಲಿಲ್ಲ. ಅದು ಲಾಂಚರಿನ ದಾಖಲೆಯಲ್ಲಿರುತ್ತದೆ. ಮೆಮೊರಿ ಸಾಲದೆ ಆಗುವ ತಡವರಿಕೆಗೆ ಆಪ್ಷನ್ಸ್ ಕಡತದ ಮರುಹೊಂದಿಕೆ ಹೆಚ್ಚಿನ ನೆರವಾಗದು.

ಗ್ರ್ಯಾಂಡ್ ಥೆಫ್ಟ್ ಆಟೊ

ಭಾರತದ ಸೈಬರ್ ಕೆಫೆಗಳ ಕಾಲದಲ್ಲಿ ಬೆಳೆದ ತಲೆಮಾರಿಗೆ ‘ವೈಸ್ ಸಿಟಿ’ ಮತ್ತು ‘ಸ್ಯಾನ್ ಆಂಡ್ರಿಯಾಸ್’ ಪರಿಚಿತ ಹೆಸರುಗಳು. ಈ ಸರಣಿಯ ರಾಕ್‌ಸ್ಟಾರ್ ಸಂಸ್ಥೆಗೆ ಇಂದು ಕರ್ನಾಟಕದ ನಂಟೂ ಇದೆ. ರಾಜೇಶ್ ರಾವ್ ಅವರು 1997ರಲ್ಲಿ ಬೆಂಗಳೂರಿನಲ್ಲಿ ಸ್ಥಾಪಿಸಿದ ಧ್ರುವ ಇಂಟರ‍್ಯಾಕ್ಟಿವ್ ಭಾರತದ ಮೊದಮೊದಲ ಆಟ ತಯಾರಿಕಾ ಸಂಸ್ಥೆಗಳಲ್ಲೊಂದು. 2019ರಲ್ಲಿ ಅದನ್ನು ರಾಕ್‌ಸ್ಟಾರ್ ಕೊಂಡುಕೊಂಡ ಬಳಿಕ ಅದು ಬೆಂಗಳೂರಿನಲ್ಲಿಯೇ ಇದ್ದ ರಾಕ್‌ಸ್ಟಾರ್ ಇಂಡಿಯಾದೊಂದಿಗೆ ಕೂಡಿಕೊಂಡಿತು.

ಸ್ಯಾನ್ ಆಂಡ್ರಿಯಾಸ್ ಆಟವು 2005ರಲ್ಲಿ ಗಣಕಯಂತ್ರಕ್ಕೆ ಬಂದಿತು. ಅದರ ಸೆಟ್ಟಿಂಗ್ಸ್ ಕಡತ ‘ಜಿಟಿಎ_ಎಸ್‌ಎ ಡಾಟ್ ಸೆಟ್’. ‘ಡಾಕ್ಯುಮೆಂಟ್ಸ್’ನೊಳಗೆ ಆಟದ ಹೆಸರಿನದೇ ‘ಯೂಸರ್ ಫೈಲ್ಸ್’ ಫೋಲ್ಡರಿನಲ್ಲಿದೆ. ಆಟ ತೆರೆದರೂ ಮೌಸ್ ಕದಲದಿರುವುದು ಇದರ ಹಳೆಯ ಕಾಯಿಲೆ. ಈ ಕಡತವನ್ನು ತೆಗೆದಾಗ ಅನೇಕರಿಗೆ ಅದು ಗುಣವಾಗಿದೆ. ಕಡತವು ದ್ವಿಮಾನ ರೂಪದ್ದಾದ್ದರಿಂದ ನೋಟ್‌ಪ್ಯಾಡ್‌ನಲ್ಲಿ ಅರ್ಥವಾಗದ ಚಿಹ್ನೆಗಳು ಮಾತ್ರ ಕಾಣುತ್ತವೆ. ಅಪಾಯವಿರುವುದು ಪಕ್ಕದಲ್ಲಿ. ಆಟದ ಎಂಟು ಸೇವ್ ಕಡತಗಳೂ ಅದೇ ಫೋಲ್ಡರಿನಲ್ಲಿವೆ. ಅವುಗಳ ಹೆಸರು ‘ಜಿಟಿಎಎಸ್‌ಎಎಸ್‌ಎಫ್’ ಎಂಬ ಅಕ್ಷರಗಳಿಂದ ಆರಂಭವಾಗಿ 1ರಿಂದ 8ರವರೆಗಿನ ಅಂಕಿಯಿಂದ ಮುಗಿದು, ಕೊನೆಗೆ ‘ಡಾಟ್ ಬಿ’ ಎಂದಿರುತ್ತದೆ. ಸೆಟ್ಟಿಂಗ್ಸ್ ಕಡತವನ್ನು ಆರಿಸುವ ಬದಲು ಇಡೀ ಫೋಲ್ಡರನ್ನು ಅಳಿಸಿದವರು ಮೌಸನ್ನು ಉಳಿಸಿಕೊಂಡು ಆಟವನ್ನು ಕಳೆದುಕೊಂಡಂತೆ.

ಗ್ರ್ಯಾಂಡ್ ಥೆಫ್ಟ್ ಆಟೊ 5ರಲ್ಲಿ ಈ ವ್ಯವಸ್ಥೆ ಸುಧಾರಿಸಿದೆ. ‘ಸೆಟ್ಟಿಂಗ್ಸ್ ಡಾಟ್ ಎಕ್ಸ್‌ಎಂಎಲ್’ ಎಂಬ ಪಠ್ಯ ಕಡತ ‘ಡಾಕ್ಯುಮೆಂಟ್ಸ್’ನ ‘ರಾಕ್‌ಸ್ಟಾರ್ ಗೇಮ್ಸ್’ ಫೋಲ್ಡರಿನೊಳಗೆ ಆಟದ ಹೆಸರಿನಡಿ ಇದ್ದು, ಪ್ರಗತಿಯ ದಾಖಲೆಗಳು ‘ಪ್ರೊಫೈಲ್ಸ್’ ಎಂಬ ಬೇರೆ ಫೋಲ್ಡರಿನಲ್ಲಿವೆ. ಸೆಟ್ಟಿಂಗ್ಸ್ ಕಡತದಲ್ಲಿ ಗ್ರಾಫಿಕ್ಸ್ ಕಾರ್ಡಿನ ಹೆಸರನ್ನೂ ಒಂದು ಸಾಲಿನಲ್ಲಿ ಬರೆದಿರುತ್ತದೆ. ಎರಡು ಗ್ರಾಫಿಕ್ಸ್ ವ್ಯವಸ್ಥೆಗಳಿರುವ ಲ್ಯಾಪ್‌ಟಾಪ್‌ಗಳಲ್ಲಿ ಆ ಸಾಲನ್ನು ಓದಿ ನೋಡುವುದು ಲಾಭದಾಯಕ. ಶಕ್ತಿಯುತವಾದ ಕಾರ್ಡ್ ಸುಮ್ಮನಿದ್ದು, ಪ್ರೊಸೆಸರಿನಲ್ಲಿಯೇ ಅಡಕವಾದ ಸಣ್ಣದು ಎಲ್ಲ ಭಾರವನ್ನೂ ಹೊರುತ್ತಿದೆಯೇ ಎಂಬ ಸುಳಿವು ಅಲ್ಲಿ ಸಿಗಬಹುದು.

ಅದೇ ಸಂಸ್ಥೆಯ ‘ರೆಡ್ ಡೆಡ್ ರಿಡೆಂಪ್ಷನ್ 2’ರಲ್ಲಿ ಸೆಟ್ಟಿಂಗ್ಸ್ ಫೋಲ್ಡರಿನಲ್ಲಿ ‘ಎಸ್‌ಜಿಎ’ ಎಂದು ಆರಂಭವಾಗುವ ಕಡತಗಳೂ ಕಾಣುತ್ತವೆ. ಇವು ಗ್ರಾಫಿಕ್ಸ್ ಕಾರ್ಡಿಗಾಗಿ ಮೊದಲೇ ಸಿದ್ಧಪಡಿಸಿಟ್ಟ ಸೂಚನೆಗಳ ಸಂಗ್ರಹ. ಡ್ರೈವರ್ ಬದಲಾದ ಮೇಲೆ ಇವು ಹಳತಾಗಿ ತೊಂದರೆ ಕೊಟ್ಟಾಗ ತೆಗೆದರೆ ಆಟವು ಮತ್ತೆ ತಯಾರಿಸಿಕೊಳ್ಳುತ್ತದೆ. ಹಾಗೆ ತೆಗೆದ ಮೇಲಿನ ಮೊದಲ ಕೆಲವು ನಿಮಿಷ ಆಟ ಮೊದಲಿಗಿಂತ ಹೆಚ್ಚು ತಡವರಿಸುವುದು ಸಹಜ. ಆ ಹೊತ್ತಿನಲ್ಲಿ ತೀರ್ಪು ಕೊಡುವುದು ಸಲ್ಲದು.

ಕನ್ನಡ ಲಿಪಿಯ ಬಳಕೆದಾರ ಹೆಸರು

ಸೆಟ್ಟಿಂಗ್ಸ್ ಕಡತಕ್ಕೆ ಸಂಬಂಧಿಸಿದ ಒಂದು ತೊಂದರೆ ಕನ್ನಡದಂಥ ಭಾಷೆಗಳ ಬಳಕೆದಾರರಿಗೇ ವಿಶೇಷವಾಗಿ ಎದುರಾಗುತ್ತದೆ. ವಿಂಡೋಸ್‌ನಲ್ಲಿ ಹೊಸ ಸ್ಥಳೀಯ ಖಾತೆ ತೆರೆಯುವಾಗ ಕನ್ನಡ ಲಿಪಿಯಲ್ಲಿ ಹೆಸರು ಕೊಟ್ಟರೆ, ಬಳಕೆದಾರನ ಫೋಲ್ಡರಿಗೂ ಅದೇ ಹೆಸರು ಬರುತ್ತದೆ. ‘ಡಾಕ್ಯುಮೆಂಟ್ಸ್’, ‘ಆಪ್‌ಡೇಟಾ’ ಎರಡೂ ಅದರೊಳಗೇ ಇರುತ್ತವೆ. ವಿಂಡೋಸ್‌ಗೆ ಕನ್ನಡ ಬಂದದ್ದು 2001ರ ಎಕ್ಸ್‌ಪಿ ಆವೃತ್ತಿಯಲ್ಲಿ, ಅದೂ ಯೂನಿಕೋಡ್ ಮೂಲಕ ಮಾತ್ರ. ಪಾಶ್ಚಾತ್ಯ ಭಾಷೆಗಳಿಗೆ ಇರುವಂತೆ ಯೂನಿಕೋಡಿಗೂ ಹಿಂದಿನ ಸಂಕೇತಪಟ್ಟಿ ಕನ್ನಡಕ್ಕೆ ವಿಂಡೋಸ್‌ನಲ್ಲಿ ಇಲ್ಲವೇ ಇಲ್ಲ. ಹಳೆಯ ಪದ್ಧತಿಯಲ್ಲಿ ಬರೆದ ಆಟವೊಂದು ಆ ಫೋಲ್ಡರಿನ ದಾರಿಯನ್ನು ಕೇಳಿದಾಗ ಕನ್ನಡದ ಅಕ್ಷರಗಳ ಜಾಗದಲ್ಲಿ ಅದಕ್ಕೆ ಪ್ರಶ್ನಾರ್ಥಕ ಚಿಹ್ನೆಗಳು ಸಿಗುತ್ತವೆ. ಪ್ರಶ್ನಾರ್ಥಕ ಚಿಹ್ನೆಯುಳ್ಳ ಹೆಸರನ್ನು ವಿಂಡೋಸ್ ಒಪ್ಪುವುದಿಲ್ಲ. ಫಲವಾಗಿ ಆಟವು ಸೆಟ್ಟಿಂಗ್ಸ್ ಕಡತವನ್ನು ಓದಲಾರದು, ಬರೆಯಲಾರದು. ಪ್ರತಿ ಸಲವೂ ಮೊದಲ ಸಲದಂತೆಯೇ ತೆರೆಯುತ್ತದೆ, ಇಲ್ಲವೆ ತೆರೆಯುವುದೇ ಇಲ್ಲ.

ಇಲ್ಲಿ ಮರುಹೊಂದಿಸಲು ಕಡತವೇ ಇರುವುದಿಲ್ಲ. ಖಾತೆಯ ಹೆಸರನ್ನು ಆಮೇಲೆ ಇಂಗ್ಲಿಷಿಗೆ ಬದಲಿಸಿದರೂ ಫೋಲ್ಡರಿನ ಹೆಸರು ಮೊದಲಿನದೇ ಉಳಿಯುವುದರಿಂದ ಪ್ರಯೋಜನವಾಗುವುದಿಲ್ಲ. ಇಂಗ್ಲಿಷ್ ಅಕ್ಷರಗಳ ಹೆಸರಿನಲ್ಲಿ ಬೇರೊಂದು ಖಾತೆಯನ್ನು ತೆರೆದು ಆ ಆಟವನ್ನು ಅದರಲ್ಲಿ ಆಡುವುದೇ ಉಳಿದ ದಾರಿ. ತನ್ನ ಹೆಸರನ್ನು ತನ್ನ ಲಿಪಿಯಲ್ಲಿ ಬರೆದವನದು ತಪ್ಪೆಂದು ಯಾರೂ ಹೇಳಲಾಗದು. ಕೊರತೆ ಹಳೆಯ ತಂತ್ರಾಂಶದ್ದು. ಇತ್ತೀಚಿನ ಬಹುಪಾಲು ಆಟಗಳು ಯೂನಿಕೋಡನ್ನು ಅನುಸರಿಸುವುದರಿಂದ ಈ ತೊಂದರೆ ಅಪರೂಪವಾಗುತ್ತಿದೆ.

ಫಲ ನೀಡದ ಸಂದರ್ಭಗಳು

ಮರುಹೊಂದಿಕೆಯು ಯಂತ್ರದ ಶಕ್ತಿಯನ್ನು ಹೆಚ್ಚಿಸುವುದಿಲ್ಲ. ಆಟ ಕೇಳುವ ಕನಿಷ್ಠ ಯಂತ್ರಾಂಶವೇ ಇಲ್ಲದ ಗಣಕದಲ್ಲಿ ಎಲ್ಲ ಆಯ್ಕೆಗಳನ್ನು ಕೆಳಮಟ್ಟಕ್ಕೆ ಇಳಿಸಿದರೂ ಆಟ ಸರಾಗವಾಗದು. ಚಾರ್ಜರ್ ಜೋಡಿಸದೆ ಬ್ಯಾಟರಿಯಲ್ಲಿ ಆಡುವಾಗ ಲ್ಯಾಪ್‌ಟಾಪ್ ತನ್ನ ವೇಗವನ್ನು ತಾನೇ ತಗ್ಗಿಸಿಕೊಳ್ಳುವುದುಂಟು.

ತಾಪದ ಪರಿಣಾಮವನ್ನು ಗುರುತಿಸುವುದು ಸುಲಭ: ಮೊದಲ ಹತ್ತು ಹದಿನೈದು ನಿಮಿಷ ಚೆನ್ನಾಗಿ ನಡೆದ ಆಟ ಆಮೇಲೆ ಕುಂಟತೊಡಗಿದರೆ ಸಂಶಯ ಶಾಖದ ಮೇಲಿರಬೇಕು. ಪ್ರೊಸೆಸರ್ ಮಿತಿಮೀರಿ ಬಿಸಿಯಾದಾಗ ಸುಟ್ಟುಹೋಗದಂತೆ ವೇಗವನ್ನು ಇಳಿಸಿಕೊಳ್ಳುತ್ತದೆ. ಬೀದರ್, ಕಲಬುರಗಿ ಜಿಲ್ಲೆಗಳ ಬೇಸಿಗೆಯಲ್ಲಿ ಹಗಲಿನ ಉಷ್ಣಾಂಶ 40 ಡಿಗ್ರಿ ಸೆಲ್ಸಿಯಸ್ ದಾಟುವ ದಿನಗಳಲ್ಲಿ, ಫ್ಯಾನಿನ ಕಿಂಡಿಯಲ್ಲಿ ಧೂಳು ಕಟ್ಟಿದ ಲ್ಯಾಪ್‌ಟಾಪನ್ನು ಹಾಸಿಗೆಯ ಮೇಲಿಟ್ಟು ಆಡಿದರೆ ಹೀಗಾಗುವುದು ಬಹುತೇಕ ಖಚಿತ. ಜನವರಿಯಲ್ಲಿ ಸರಿಯಾಗಿದ್ದ ಆಟ ಮೇ ತಿಂಗಳಲ್ಲಿ ಕೆಟ್ಟಿತೆಂದರೆ ಕಡತವನ್ನು ಹುಡುಕುವ ಮೊದಲು ಧೂಳನ್ನು ಒರೆಸುವುದು ಜಾಣತನ.

ಕೆಲವೊಮ್ಮೆ ದೋಷ ಆಟದ ತಂತ್ರಾಂಶದಲ್ಲಿಯೇ ಇರುತ್ತದೆ. ಗ್ರ್ಯಾಂಡ್ ಥೆಫ್ಟ್ ಆಟೊ 5ರ ಆನ್‌ಲೈನ್ ಭಾಗ ತೆರೆಯಲು ಹಲವು ನಿಮಿಷ ಹಿಡಿಯುತ್ತಿದ್ದುದು ಇದಕ್ಕೆ ಪ್ರಸಿದ್ಧ ನಿದರ್ಶನ. ಆಟಗಾರರು ವರ್ಷಗಟ್ಟಲೆ ತಂತಮ್ಮ ಗಣಕಗಳನ್ನೂ ಸೆಟ್ಟಿಂಗ್‌ಗಳನ್ನೂ ದೂರಿದರು. 2021ರಲ್ಲಿ ಸಂಸ್ಥೆಗೆ ಸೇರದ ಪ್ರೋಗ್ರಾಮರ್ ಒಬ್ಬರು ಪರಿಶೀಲಿಸಿ, ಸುಮಾರು 10 ಮೆಗಾಬೈಟಿನ ಸಾಮಾನುಪಟ್ಟಿಯೊಂದನ್ನು ಆಟವು ಅತ್ಯಂತ ಅದಕ್ಷ ರೀತಿಯಲ್ಲಿ ಓದುತ್ತಿದೆ ಎಂಬುದನ್ನು ತೋರಿಸಿಕೊಟ್ಟರು. ಅವರ ತಿದ್ದುಪಡಿಯಿಂದ ಅವರ ಗಣಕದಲ್ಲಿ ಕಾಯುವ ಸಮಯ ಸುಮಾರು ಶೇ. 70ರಷ್ಟು ತಗ್ಗಿತು. ರಾಕ್‌ಸ್ಟಾರ್ ಸಂಸ್ಥೆ ಅದನ್ನು ಒಪ್ಪಿ ಅವರಿಗೆ 10,000 ಡಾಲರ್ ಬಹುಮಾನ ನೀಡಿತು, ಮತ್ತು ಅದೇ ವರ್ಷದ ಮಾರ್ಚ್‌ನಲ್ಲಿ ಪರಿಷ್ಕರಣೆಯನ್ನು ಹೊರತಂದಿತು. ಅಲ್ಲಿಯವರೆಗೆ ಆ ಆಟದ ಸೆಟ್ಟಿಂಗ್ಸ್ ಕಡತವನ್ನು ಎಷ್ಟು ಸಲ ಮರುಹೊಂದಿಸಿದವರಿಗೂ ಆ ಕಾಯುವಿಕೆ ತಪ್ಪಿರಲಿಲ್ಲ.